ಸುಮ್ನೆ ಕೂತು ನೋಡುವ ಸಿನಿಮಾ: ಪದೇ ಪದೇ ಕೇಳುವ ಪ್ರಶ್ನೆಗಳು

ತೀರ್ಥಹಳ್ಳಿ ಕಡೆಯ ಒಂದು ಅಡಿಕೆ ಮನೆಯಲ್ಲಿ ಎರಡು ವರ್ಷದ ಕೊಯ್ಲು ಪೂರ್ತಿ ಕ್ಯಾಮೆರಾ ಹಿಡಿದುಕೊಂಡು ಕೂತಿದ್ದೆ. ಅದರಿಂದ 74 ನಿಮಿಷದ ಒಂದು ಡಾಕ್ಯುಮೆಂಟರಿ ಬಂತು. ಯಾರಿಂದಲೂ ಏನನ್ನೂ ಮಾಡಿಸದೆ, ನಡೆಯುವುದನ್ನು ಸುಮ್ನೆ ಕೂತು ನೋಡುತ್ತಾ ತೆಗೆಯುವ ಬಗೆಯದ್ದು. ಅದನ್ನು ನೋಡಿದವರು, ನೋಡದವರು, ನೋಡುತ್ತಾ ನಿದ್ದೆ ಹೋದವರು ಎಲ್ಲರೂ ಹೆಚ್ಚುಕಡಿಮೆ ಇವೇ ಪ್ರಶ್ನೆ ಕೇಳುತ್ತಾರೆ. ಪ್ರತಿ ಸಲ ಫೋನಿನಲ್ಲಿ ಹೇಳಿ ಸಾಕಾಯಿತು. ಹಾಗಾಗಿ ಬರೆದಿಟ್ಟಿದ್ದೇನೆ.

ಸುಮ್ನೆ ಕ್ಯಾಮೆರಾ ಇಟ್ಟು ಕೂತರೆ ಡಾಕ್ಯುಮೆಂಟರಿ ಆಗುತ್ತಾ?

ಆಗಲ್ಲ. ಹಾಗೆ ನೋಡಿದರೆ ಅಂಗಡಿಯ ಸಿಸಿ ಕ್ಯಾಮೆರಾ ನಮಗಿಂತ ಜಾಸ್ತಿ ಹೊತ್ತು ಸುಮ್ನೆ ಕೂತಿರುತ್ತದೆ. ಯಾರನ್ನು ನೋಡಬೇಕು ಅಂತ ಅದಕ್ಕೆ ಗೊತ್ತಿಲ್ಲ, ಅಷ್ಟೆ.

ಈ ಬಗೆಯ ಸಿನಿಮಾದಲ್ಲಿ ಕೆಲವು ಕಟ್ಟುಪಾಡುಗಳನ್ನು ನಾವೇ ಹಾಕಿಕೊಳ್ಳುತ್ತೇವೆ. ಹಿನ್ನೆಲೆ ದನಿ ಇಲ್ಲ. ಕುರ್ಚಿಯಲ್ಲಿ ಕೂರಿಸಿ ಸಂದರ್ಶನ ಮಾಡುವುದಿಲ್ಲ. "ಅಕ್ಕಾ, ಇನ್ನೊಂದ್ಸಲ ಬಾಗಿಲಿಂದ ಬನ್ನಿ" ಅನ್ನುವುದಿಲ್ಲ. ಕೊಳಲು, ವೀಣೆ ಸೇರಿಸುವುದಿಲ್ಲ. ನಡೆಯುವುದನ್ನು ನಡೆಯುವಾಗಲೇ ಹಿಡಿಯಬೇಕು. ತಪ್ಪಿದರೆ ತಪ್ಪಿತು. ನಾನು ಎರಡು ಸಲ ಈ ಕಟ್ಟುಪಾಡು ಮುರಿದಿದ್ದೇನೆ. ಎರಡೂ ಶಾಟ್ ಎಡಿಟಿಂಗಿನಲ್ಲಿ ಹೋದವು. ಮತ್ತೆ ಮಾಡಿ ತೋರಿಸುವಾಗ ಮನುಷ್ಯರ ಬೆನ್ನು ನೆಟ್ಟಗಾಗಿಬಿಡುತ್ತದೆ. ನೋಡುವವರಿಗೆ ಅದು ತಕ್ಷಣ ಗೊತ್ತಾಗುತ್ತದೆ.

ಇಂಥ ಸಿನಿಮಾ ನಿಧಾನ ಅಂತಾರಲ್ಲ, ನಿಧಾನ ಅಂದರೆ ಉದ್ದುದ್ದ ಶಾಟ್, ಅಲ್ವಾ?

ಹೀಗೆ ತಿಳಿದುಕೊಂಡೇ ಬಹಳ ಜನ ಹಾಳಾಗುತ್ತಾರೆ. ಪೇಟೆಯ ಲಾಡ್ಜಿನಲ್ಲಿ ಇಳಿದು, ಮೂರು ದಿನದಲ್ಲಿ ಹತ್ತತ್ತು ನಿಮಿಷದ ಶಾಟ್ ತೆಗೆದುಕೊಂಡು ಬಸ್ಸು ಹತ್ತಿದವರನ್ನು ನೋಡಿದ್ದೇನೆ. ಶಾಟಿಗೆ ಪುರುಸೊತ್ತು ಇತ್ತು, ತೆಗೆದವರಿಗೆ ಇರಲಿಲ್ಲ. ನನ್ನ ಸಿನಿಮಾದಲ್ಲಿ ನಾಲ್ಕು ಸೆಕೆಂಡಿನ ಶಾಟ್‌ಗಳು ಬೇಕಾದಷ್ಟಿವೆ. ಅದರಲ್ಲಿ ಒಂದಕ್ಕೆ ಹನ್ನೊಂದು ದಿನ ಕಾದಿದ್ದೆ. ನಿಧಾನ ಇರಬೇಕಾದ್ದು ಅಲ್ಲಿ ಇರುವುದರಲ್ಲಿ, ಮತ್ತೆ ಮತ್ತೆ ಹೋಗುವುದರಲ್ಲಿ.

ಇದು ಹೊಸ ಫ್ಯಾಷನ್ನಾ?

ಅರವತ್ತು ವರ್ಷ ದಾಟಿದ ಫ್ಯಾಷನ್. ಮೊದಲು ಚಿತ್ರ ಮತ್ತು ಮಾತನ್ನು ಒಟ್ಟಿಗೆ ಹಿಡಿಯಲು ಭಾರದ ಸಾಮಾನು ಬೇಕಿತ್ತು. ಅದನ್ನು ಹೊತ್ತುಕೊಂಡು ಯಾರ ಅಡುಗೆಮನೆಗೂ ಹೋಗಲು ಆಗುತ್ತಿರಲಿಲ್ಲ. 1960ರ ಹೊತ್ತಿಗೆ ಹೆಗಲ ಮೇಲಿಡುವಂಥ 16 ಎಂಎಂ ಕ್ಯಾಮೆರಾ ಮತ್ತು ಬ್ಯಾಟರಿಯಲ್ಲಿ ಓಡುವ ನಾಗ್ರಾ ಟೇಪ್ ರೆಕಾರ್ಡರ್ ಜೋಡಿಯಾದವು. ಅಲ್ಲಿಂದ ಇಬ್ಬರೇ ಹೋದರೂ ಸಿನಿಮಾ ತೆಗೆಯಬಹುದು ಅಂತಾಯಿತು. ಅಮೆರಿಕದವರು ಮೂಲೆಯಲ್ಲಿ ನಿಂತು ನೋಡಿದರು, ಅದಕ್ಕೆ ಡೈರೆಕ್ಟ್ ಸಿನಿಮಾ ಅಂದರು. ಫ್ರಾನ್ಸಿನವರು ನಡುವೆ ಬಾಯಿ ಹಾಕಿದರು, ಜನರನ್ನು ಕೆಣಕಿ ಮಾತಾಡಿಸಿದರು. ಅದು ಸಿನಿಮಾ ವೆರಿತೆ.

ನನಗೆ ದಾರಿ ತೋರಿಸಿದವರು ಫ್ರೆಡರಿಕ್ ವೈಸ್‌ಮನ್. 1967ರಿಂದ ಆಸ್ಪತ್ರೆ, ಶಾಲೆ, ಕೋರ್ಟು, ಲೈಬ್ರರಿ ಹೀಗೆ ಒಂದೊಂದೇ ಜಾಗ ಹಿಡಿದು, ಸಂದರ್ಶನವಿಲ್ಲದೆ, ವಿವರಣೆಯಿಲ್ಲದೆ ಸಿನಿಮಾ ಮಾಡಿದವರು. ಬರ್ಕ್ಲಿ ವಿಶ್ವವಿದ್ಯಾಲಯದ ಬಗ್ಗೆ ಅವರು ತೆಗೆದದ್ದು ಸುಮಾರು 250 ಗಂಟೆ, ಉಳಿಸಿಕೊಂಡದ್ದು ನಾಲ್ಕು ಗಂಟೆ. ನಮ್ಮ ದೇಶದಲ್ಲೂ ಉದಾಹರಣೆ ಇದೆ. 1990ರ ದಶಕದ ಕೊನೆಯಲ್ಲಿ ಡೇವಿಡ್ ಮ್ಯಾಕ್‌ಡೂಗಲ್ ಡೆಹ್ರಾಡೂನಿನ ಡೂನ್ ಶಾಲೆಗೆ ಹೋಗಿ ಹುಡುಗರ ಜೊತೆ ಇದ್ದು ಐದು ಸಿನಿಮಾ ಮಾಡಿದರು. ಒಂದೇ ಶಾಲೆ, ಐದು ಸಿನಿಮಾ.

ಮತ್ತೆ ನಾವು ಚಿಕ್ಕಂದಿನಲ್ಲಿ ಟಾಕೀಸಿನಲ್ಲಿ ನೋಡುತ್ತಿದ್ದ ಸರ್ಕಾರಿ ಚಿತ್ರಗಳು?

ಅವು ಫಿಲ್ಮ್ಸ್ ಡಿವಿಷನ್‌ನವು. 1948ರಲ್ಲಿ ಶುರುವಾದ ಸಂಸ್ಥೆ. ಸಿನಿಮಾಕ್ಕೆ ಮುಂಚೆ ಅವನ್ನು ಹಾಕಲೇಬೇಕು ಅಂತ ಟಾಕೀಸುಗಳಿಗೆ ಕಡ್ಡಾಯವಿತ್ತು. ಜನ ಆ ಹೊತ್ತಿಗೆ ಕಡಲೆಕಾಯಿ ತರಲು ಹೋಗುತ್ತಿದ್ದರು. ಅದರಲ್ಲೂ ಒಳ್ಳೆಯ, ತುಂಟ ಪ್ರಯೋಗ ಮಾಡಿದವರಿದ್ದಾರೆ, ಎಲ್ಲವನ್ನೂ ಒಂದೇ ಏಟಿಗೆ ತಳ್ಳಿಹಾಕಬಾರದು. ಆದರೆ ನಮ್ಮ ಕಿವಿಯಲ್ಲಿ ಉಳಿದದ್ದು ಆ ಭಾರದ ದನಿ. ಪರದೆಯ ಮೇಲೆ ರೈತ ಉಳುತ್ತಿದ್ದರೆ ಅದು "ರೈತ ಉಳುತ್ತಿದ್ದಾನೆ" ಅನ್ನುತ್ತಿತ್ತು. ಡಾಕ್ಯುಮೆಂಟರಿ ಅಂದರೆ ಯಾರೋ ನಮಗೆ ಪಾಠ ಹೇಳುವುದು ಅನ್ನುವ ಭಾವನೆ ಇನ್ನೂ ಹೋಗಿಲ್ಲ. ಅಡಿಕೆ ಮನೆಯ ಅಜ್ಜನೂ ಮೊದಲ ದಿನ ಕೇಳಿದ್ದು ಅದನ್ನೇ: "ಇದಕ್ಕೆ ಮಾತಾಡೋರು ಯಾರು ಮಾರಾಯ್ರೆ?"

ಒಂದು ಸಿನಿಮಾಕ್ಕೆ ಎಷ್ಟು ದಿನ ಬೇಕು?

ಕೆಲಸದ ಸುತ್ತು ಎಷ್ಟು ದೊಡ್ಡದೋ ಅಷ್ಟು, ಅದರ ಮೇಲೆ ಇನ್ನೊಂದು ಸುತ್ತು.

ಅಡಿಕೆಯದ್ದೇ ತಗೊಳ್ಳಿ. ಮಳೆಗೆ ಮುಂಚೆ ಕೊಳೆ ರೋಗಕ್ಕೆ ಮೈಲುತುತ್ತ, ಸುಣ್ಣ ಕಲಸಿ ಹೊಡೆಯುತ್ತಾರೆ. ಮಳೆ ಬಿಡುವು ಕೊಟ್ಟಾಗ ಇನ್ನೊಮ್ಮೆ. ದೀಪಾವಳಿ ಆಸುಪಾಸಿನಲ್ಲಿ ಕೊನೆಗಾರ ಬರುತ್ತಾನೆ. ಮರ ಹತ್ತಿ, ಕೊನೆ (ಅಡಿಕೆ ಗೊಂಚಲು) ಕಡಿದು, ಹಗ್ಗದ ಮೇಲೆ ಜಾರಿಸುತ್ತಾನೆ. ಕೆಳಗೆ ಒಬ್ಬ ಹಗ್ಗ ಹಿಡಿದಿರುತ್ತಾನೆ. ಕೊನೆ ಮುಗಿದರೆ ಇಳಿಯುವುದಿಲ್ಲ, ಮರವನ್ನೇ ತೂಗಿ ಪಕ್ಕದ ಮರಕ್ಕೆ ದಾಟುತ್ತಾನೆ. ಹಗಲು ಕೊಯ್ದದ್ದನ್ನು ರಾತ್ರಿ ಸುಲಿಯಬೇಕು. ಮರುದಿನ ಹಂಡೆಯಲ್ಲಿ ಚೊಗರು (ಹಿಂದೆ ಅಡಿಕೆ ಬೇಯಿಸಿ ಉಳಿದ ಕೆಂಪು ನೀರು) ಹಾಕಿ ಬೇಯಿಸಬೇಕು. ಆಮೇಲೆ ಅಟ್ಟದ ಮೇಲೆ ಒಣಗಬೇಕು. ಆರಿಸಿ ರಾಶಿ, ಬೆಟ್ಟೆ, ಗೊರಬಲು ಅಂತ ಬೇರೆ ಮಾಡಬೇಕು. ನಡುವೆ ಅಕಾಲದ ಮಳೆ ಬಂದರೆ ಇಡೀ ಮನೆ ಟಾರ್ಪಲ್ ಹಿಡಿದು ಓಡುತ್ತದೆ.

ಮೊದಲ ವರ್ಷ ನಾನು ಎಲ್ಲದಕ್ಕೂ ಒಂದು ಹೆಜ್ಜೆ ಹಿಂದೆ. ಕೊನೆಗಾರ ಮರ ಹತ್ತಿದಾಗ ಲೆನ್ಸ್ ಬದಲಿಸುತ್ತಿದ್ದೆ. ಲೆನ್ಸ್ ಹಾಕುವಷ್ಟರಲ್ಲಿ ಅವನು ಮೂರನೇ ಮರದಲ್ಲಿರುತ್ತಿದ್ದ. ಎರಡನೇ ವರ್ಷ ಅವನ ಹಿಂದೆ ಓಡಲೇ ಇಲ್ಲ. ಕೆಳಗೆ ಹಗ್ಗ ಹಿಡಿದವನನ್ನು ನೋಡಿದೆ. ಅವನ ಕುತ್ತಿಗೆ ಮೇಲೆ ಎತ್ತಿದ್ದು ಎತ್ತಿದ ಹಾಗೇ ಇರುತ್ತದೆ. ಮರ ತೂಗುವುದು, ದಾಟುವುದು, ಕೊನೆ ಬರುವುದು ಎಲ್ಲ ಅವನ ಮುಖದಲ್ಲೇ ಕಾಣುತ್ತದೆ. ಸಿನಿಮಾದಲ್ಲಿ ಇರುವುದು ಆ ಶಾಟು. ಒಂದು ಸುತ್ತು ನೋಡಿರದಿದ್ದರೆ ಅಲ್ಲಿ ನಿಲ್ಲಬೇಕು ಅಂತ ನನಗೆ ಹೊಳೆಯುತ್ತಿರಲಿಲ್ಲ.

ಇನ್ನೊಂದು ಲೆಕ್ಕವೂ ಇದೆ. ಮೊದಲ ವಾರ ನನ್ನನ್ನು "ಸರ್" ಅನ್ನುತ್ತಿದ್ದರು. ತಿಂಗಳಾದ ಮೇಲೆ ಬರೀ "ನೀವು". ಎರಡನೇ ವರ್ಷ ಮನೆಯ ಅಮ್ಮ "ತಮ್ಮಾ, ಆ ಬುಟ್ಟಿ ಸ್ವಲ್ಪ ಈಚೆ ಕೊಡು" ಅಂದರು. ನನ್ನ ಸಿನಿಮಾದಲ್ಲಿ ಉಳಿದದ್ದರಲ್ಲಿ ಮುಕ್ಕಾಲು ಪಾಲು ಆ ಬುಟ್ಟಿ ಆದಮೇಲಿನದ್ದು.

ಕ್ಯಾಮೆರಾ ನೋಡಿದರೆ ಜನ ನಾಟಕ ಮಾಡಲ್ವಾ?

ಮಾಡುತ್ತಾರೆ. ಮಾಡಲಿ ಬಿಡಿ. ಮೊದಲ ವಾರ ಹೊಸ ಸೀರೆ, ಬಾಚಿದ ತಲೆ, "ಹೀರೋ ಎಲ್ಲಿ?" ಅನ್ನುವ ತಮಾಷೆ ಎಲ್ಲ ಇರುತ್ತದೆ. ನಾಟಕ ಮಾಡಲು ಶಕ್ತಿ ಬೇಕು. ಯಾರೂ ತಿಂಗಳುಗಟ್ಟಲೆ ಮಾಡಲಾರರು.

ಕೈ ಕೆಲಸದಲ್ಲಿರುವವರನ್ನು ಆರಿಸಿಕೊಳ್ಳುವುದು ಒಂದು ಉಪಾಯ. ಮೆಟ್ಟುಗತ್ತಿ (ಕಾಲಲ್ಲಿ ಮೆಟ್ಟಿ ಹಿಡಿದು ಅಡಿಕೆ ಸುಲಿಯುವ ಕತ್ತಿ) ಮುಂದೆ ಕೂತವರು ಕ್ಯಾಮೆರಾ ನೋಡುತ್ತಾ ಕೂತರೆ ಬೆರಳು ಹೋಗುತ್ತದೆ. ಕೈ ಸುಲಿಯುತ್ತಿರುತ್ತದೆ, ಕಣ್ಣು ಕತ್ತಿಯ ಮೇಲೆ, ಬಾಯಿ ಮಾತ್ರ ಖಾಲಿ. ಹಾಗಾಗಿ ಸುಲಿಯುವ ಜಗಲಿಯಲ್ಲಿ ಬರುವಂಥ ಮಾತು ಯಾವ ಸಂದರ್ಶನದಲ್ಲೂ ಬರುವುದಿಲ್ಲ. ಮಗಳ ಮದುವೆ, ಸಂಘದ ಸಾಲ, ಯಾರದೋ ಮನೆಯ ದೆವ್ವ, ಟಿವಿ ಧಾರಾವಾಹಿಯ ಅತ್ತೆ, ಎಲ್ಲ ಒಂದೇ ಉಸಿರಿನಲ್ಲಿ.

ಅನುಮತಿ ಹೇಗೆ ತಗೊಳ್ಳೋದು? ಒಂದು ಸಹಿ ಸಾಕಾ?

ಸಹಿ ಬೇಕು, ಸಾಕಾಗುವುದಿಲ್ಲ. ಒಪ್ಪಿಗೆ ಪತ್ರ ಕನ್ನಡದಲ್ಲಿರಲಿ, ಒಂದೇ ಪುಟ ಇರಲಿ, ಗಟ್ಟಿಯಾಗಿ ಓದಿ ಹೇಳಿ. ಮಕ್ಕಳಿದ್ದರೆ ಅಪ್ಪ ಅಮ್ಮನನ್ನು ಕೇಳಿ, ಮಗುವನ್ನೂ ಕೇಳಿ. "ಸಾಕು" ಅಂತ ಕೈ ಎತ್ತಿದರೆ ಆಫ್ ಮಾಡುತ್ತೇನೆ ಅಂತ ಮೊದಲೇ ಹೇಳಿ, ಒಂದೆರಡು ಸಲ ಆಫ್ ಮಾಡಿ ತೋರಿಸಿ. ಆಮೇಲೆ ನಂಬುತ್ತಾರೆ.

ಕಷ್ಟ ಇರುವುದು ಬೇರೆ ಕಡೆ. ಮನೆಯ ಯಜಮಾನರು ನನಗೆ ಹೇಳಿದ್ದು: "ಯಾರನ್ನ ಬೇಕಾದ್ರೂ ತೆಗೀರಿ, ಎಲ್ಲ ನಮ್ಮ ಕೆಲಸದವರೇ." ಒಳ್ಳೆಯ ಮನಸ್ಸಿನಿಂದಲೇ ಅಂದರು. ಆದರೆ ಸುಲಿಯಲು ಬಂದ ಹೆಂಗಸರು ಅವರ ಎದುರಿಗೆ ಬೇಡ ಅನ್ನುವುದು ಹೇಗೆ? ಎಲ್ಲರೂ ತಲೆ ಆಡಿಸಿದರು, ಎಲ್ಲರೂ ಸಹಿ ಹಾಕಿದರು. ಒಬ್ಬರು ಮಾತ್ರ ದಿನವೂ ನಾನು ಎಲ್ಲಿ ಕೂತರೆ ಆ ಕಡೆಗೆ ಬೆನ್ನು ಹಾಕಿ ಕೂರುತ್ತಿದ್ದರು. ನನಗೆ ಅರ್ಥವಾಗಲು ಒಂಬತ್ತು ದಿನ ಬೇಕಾಯಿತು. ಕೊನೆಗೆ ಕೆಲಸ ಮುಗಿಸಿ ಹೋಗುವ ದಾರಿಯಲ್ಲಿ, ಯಜಮಾನರಿಲ್ಲದ ಕಡೆ ಕೇಳಿದೆ. ಕೂಲಿಗೆ ಹೋಗುವುದು ಬೀಗರ ಮನೆಯವರಿಗೆ ಗೊತ್ತಿರಲಿಲ್ಲ. ಅವರಿರುವ ಶಾಟ್ ಅಷ್ಟೂ ತೆಗೆದುಹಾಕಿದೆ. ಇಡೀ ಜಗಲಿಯಲ್ಲಿ ಅತಿ ಚೆನ್ನಾದ ನಗು ಅವರದ್ದಾಗಿತ್ತು. ಆ ನಗುವಿನ ಶಬ್ದವನ್ನೂ ಇಟ್ಟುಕೊಳ್ಳಲಿಲ್ಲ, ಊರಲ್ಲಿ ನಗು ಕೇಳಿದರೆ ಯಾರು ಅಂತ ಗೊತ್ತಾಗುತ್ತದೆ.

ಆಮೇಲಿಂದ ನನ್ನ ಪದ್ಧತಿ ಹೀಗೆ: ಜಾಗಕ್ಕೆ ಅನುಮತಿ ಯಜಮಾನರ ಹತ್ತಿರ, ಮುಖಕ್ಕೆ ಅನುಮತಿ ಆ ಮುಖದವರ ಹತ್ತಿರ, ಅವರ ಮನೆಯಲ್ಲಿ.

ದುಡ್ಡು ಕೊಡಬೇಕಾ?

ಇದರ ಬಗ್ಗೆ ಜಗಳವಿದೆ. ದುಡ್ಡು ಕೊಟ್ಟರೆ ನಟನೆ ಶುರುವಾಗುತ್ತದೆ ಅನ್ನುವವರು ಬಹಳ. ನನ್ನ ಅಭಿಪ್ರಾಯ ಬೇರೆ. ಸುಲಿಯುವವರಿಗೆ ಕೂಲಿ ಡಬ್ಬದ ಲೆಕ್ಕದಲ್ಲಿ. ಎಷ್ಟು ಡಬ್ಬ ತುಂಬಿದರೋ ಅಷ್ಟು ದುಡ್ಡು. ನಾನು ಲೈಟು ಸರಿಮಾಡಿ ಅಂತ ಕಾಲು ಗಂಟೆ ತಿಂದರೆ ಅವರ ಡಬ್ಬದಲ್ಲಿ ಅಷ್ಟು ಕಮ್ಮಿಯಾಯಿತು. ಅದನ್ನು ತುಂಬಿಕೊಡಬೇಕು. ಇದು ಸಂಭಾವನೆ ಅಲ್ಲ, ಸಾಲ ತೀರಿಸುವುದು. ಅದಕ್ಕಿಂತ ಚೆಂದದ ದಾರಿ ಅಂದರೆ ಕ್ಯಾಮೆರಾ ಪಕ್ಕಕ್ಕಿಟ್ಟು ನಾವೂ ಸುಲಿಯಲು ಕೂರುವುದು. ನಾನು ಒಂದು ರಾತ್ರಿಯಲ್ಲಿ ಕಾಲು ಡಬ್ಬವೂ ತುಂಬಲಿಲ್ಲ. ಅದು ಆ ವರ್ಷದ ದೊಡ್ಡ ಜೋಕಾಯಿತು, ನನಗೆ ಊರಲ್ಲಿ ಒಂದು ಸ್ಥಾನವೂ ಸಿಕ್ಕಿತು.

ಯಾವ ಕ್ಯಾಮೆರಾ ಒಳ್ಳೆಯದು?

ನಿಮ್ಮ ಹತ್ತಿರ ಇರುವುದು. ಎರಡು ವಿಷಯ ಮಾತ್ರ ನೆನಪಿಡಿ. ನಮ್ಮ ಕರೆಂಟು 50 ಹರ್ಟ್ಸ್, ಹಾಗಾಗಿ ಸೆಕೆಂಡಿಗೆ 25 ಫ್ರೇಮು, 1/50 ಸೆಕೆಂಡ್ ಶಟರ್ ಇಟ್ಟರೆ ಟ್ಯೂಬ್‌ಲೈಟು ಮಿಣುಕುವುದಿಲ್ಲ. ಇನ್ನೊಂದು, ಜಾಗ. ಸೆಕೆಂಡಿಗೆ 100 ಮೆಗಾಬಿಟ್ ವೇಗದಲ್ಲಿ ತೆಗೆದರೆ ಗಂಟೆಗೆ 45 ಜಿಬಿ. ನಾನು ತೆಗೆದದ್ದು 120 ಗಂಟೆ, ಅಂದರೆ 5,400 ಜಿಬಿ. ಎರಡು ಪ್ರತಿ ಇಡಲೇಬೇಕು, ಹನ್ನೊಂದು ಟಿಬಿ ಹತ್ತಿರ ಬಂತು. ಕ್ಯಾಮೆರಾ ಬಜೆಟ್ಟಿನಲ್ಲಿ ಹಾರ್ಡ್ ಡಿಸ್ಕ್ ಯಾರೂ ಸೇರಿಸುವುದಿಲ್ಲ. ಮಲೆನಾಡಿನಲ್ಲಾದರೆ ಕ್ಯಾಮೆರಾ ಇಡುವ ಡಬ್ಬದಲ್ಲಿ ತೇವ ಹೀರುವ ಸಿಲಿಕಾ ಜೆಲ್ ಹಾಕಿಡಿ, ಒಂದೇ ಮಳೆಗಾಲಕ್ಕೆ ನನ್ನ ಲೆನ್ಸಿಗೆ ಬೂಸ್ಟು ಹಿಡಿದಿತ್ತು.

ಡ್ರೋನ್ ಶಾಟ್ ಬೇಡ್ವಾ?

ಬೇಡ. ಆ ಎತ್ತರದಿಂದ ಯಾರೂ ತಮ್ಮ ತೋಟ ನೋಡಿಲ್ಲ.

ಸೌಂಡಿಗೆ ಯಾಕೆ ಇಷ್ಟು ಒತ್ತು ಕೊಡ್ತೀರಿ?

ಚಿತ್ರ ಮಸುಕಾದರೆ ಜನ ಸಹಿಸುತ್ತಾರೆ, ಮಾತು ಕೇಳದಿದ್ದರೆ ಎದ್ದು ಹೋಗುತ್ತಾರೆ. ಜಾಸ್ತಿ ಮುಖ್ಯ ಕಾರಣ ಅದಲ್ಲ. ಹಿನ್ನೆಲೆ ಸಂಗೀತ ಇಲ್ಲದ ಮೇಲೆ ಸಿನಿಮಾಕ್ಕೆ ತಾಳ ಎಲ್ಲಿಂದ ಬರಬೇಕು? ಅಲ್ಲಿನ ಶಬ್ದದಿಂದಲೇ. ಸಿಪ್ಪೆ ಸೀಳುವ ಚರ್ ಸದ್ದು, ಸುಲಿದ ಅಡಿಕೆ ಖಾಲಿ ಡಬ್ಬಕ್ಕೆ ಬೀಳುವ ಟಣ್, ಡಬ್ಬ ತುಂಬುತ್ತಾ ಬಂದ ಹಾಗೆ ಅದೇ ಟಣ್ ಮೆತ್ತಗಾಗುವುದು. ಕಣ್ಣು ಮುಚ್ಚಿಕೊಂಡು ಎಷ್ಟು ಡಬ್ಬ ತುಂಬಿದೆ ಅಂತ ಹೇಳುವವರಿದ್ದರು ಆ ಜಗಲಿಯಲ್ಲಿ. ಹಿಂದೆ ಜೀರುಂಡೆ, ಆಗಾಗ ತಗಡಿನ ಮೇಲೆ ಮಳೆ.

ಹಾಗಾಗಿ ಪ್ರತಿ ಜಾಗದಲ್ಲೂ ಯಾರೂ ಮಾತಾಡದ ಒಂದೆರಡು ನಿಮಿಷ ರೆಕಾರ್ಡ್ ಮಾಡಿಕೊಳ್ಳಿ. ಎಡಿಟಿಂಗಿನಲ್ಲಿ ಬೆಸುಗೆ ಹಾಕಲು ಅದೇ ಬೇಕು. ಹಗಲಿನ ಸುಮ್ಮನಿರುವಿಕೆ ಬೇರೆ, ರಾತ್ರಿಯದು ಬೇರೆ.

ಅಂಗಿಗೆ ಸಿಕ್ಕಿಸುವ ವೈರ್‌ಲೆಸ್ ಮೈಕಿನ ಬಗ್ಗೆ ಎಚ್ಚರ. ಹಾಕಿಕೊಂಡವರು ಅರ್ಧ ಗಂಟೆಯಲ್ಲಿ ಅದನ್ನು ಮರೆಯುತ್ತಾರೆ. ತೋಟದಾಚೆ ಹೋಗಿ ಗಂಡ ಹೆಂಡತಿ ಮಾತಾಡಿಕೊಂಡದ್ದೂ ನಿಮ್ಮ ಕಿವಿಗೆ ಬೀಳುತ್ತದೆ. ನಾನು ಹೆಡ್‌ಫೋನ್ ತೆಗೆದಿಟ್ಟರೂ ರೆಕಾರ್ಡರ್ ಕೇಳುತ್ತಲೇ ಇರುತ್ತದೆ ಅಂತ ಆಮೇಲೆ ಹೊಳೆಯಿತು. ಆ ಫೈಲು ಅಳಿಸಿದೆ, ಅವರಿಗೆ ಹೇಳಿಯೂ ಹೇಳಿದೆ.

ಏನೂ ಆಗದಿದ್ದರೆ ಕಥೆ ಎಲ್ಲಿಂದ ಬರುತ್ತೆ?

ಮೊದಲ ವರ್ಷ ನನಗೂ ಇದೇ ಭಯ. ಸುಲಿದರು, ಬೇಯಿಸಿದರು, ಒಣಗಿಸಿದರು. ಅಷ್ಟೆ. ಎರಡನೇ ವರ್ಷ ಹೋದೆ. ಜಗಲಿಗೆ ಅಂತಲೇ ಹೊಸ ಮೈಕ್ ತಂದಿದ್ದೆ. ಆ ವರ್ಷ ಸುಲಿಯುವ ಮೆಷಿನ್ ಬಂತು. ಗಾಡಿಯಲ್ಲಿ ತಂದು ಅಂಗಳದಲ್ಲಿ ಇಳಿಸಿದರು. ಹಗಲು ಹೊತ್ತಿನಲ್ಲೇ ಗಡಗಡ ಅಂತ ಮುಗಿಸಿದರು. ಹಿಂದಿನ ವರ್ಷ ಹನ್ನೆರಡು ಜನ ಕೂತಿದ್ದ ಕಡೆ ಮೆಟ್ಟುಗತ್ತಿಗಳನ್ನು ಗೋಡೆಗೆ ಒರಗಿಸಿ ಇಟ್ಟಿದ್ದರು.

ಸಿಟ್ಟು ಬಂತು, ಸುಳ್ಳು ಯಾಕೆ ಹೇಳಲಿ. ನನ್ನ ಶಾಟ್ ಹೋಯಿತು ಅನ್ನುವ ಸಿಟ್ಟು. ಆಮೇಲೆ ನಾಚಿಕೆ ಆಯಿತು. ಸುಲಿಯುವವರೇ ಸಿಗುತ್ತಿಲ್ಲ, ಸಿಕ್ಕವರಿಗೆ ನಡುರಾತ್ರಿವರೆಗೆ ಕೂತು ಸೊಂಟ ಹಿಡಿಯುತ್ತದೆ, ಮನೆಯವರು ಇನ್ನೇನು ಮಾಡಬೇಕು? ಆ ರಾತ್ರಿ ಖಾಲಿ ಜಗಲಿಯನ್ನು ತೆಗೆದೆ. ಟ್ಯೂಬ್‌ಲೈಟು ಉರಿಯುತ್ತಿದೆ, ನಾಯಿ ಹಳೆಯ ಜಾಗದಲ್ಲೇ ಮಲಗಿದೆ, ಒಳಗಿಂದ ಟಿವಿ ಕೇಳುತ್ತಿದೆ. ಮೊದಲ ವರ್ಷದ ಗದ್ದಲವನ್ನು ನೋಡಿದ ಮೇಲೆ ಈ ಶಾಟ್ ಬಂದರೆ ಯಾರೂ ವಿವರಣೆ ಕೇಳುವುದಿಲ್ಲ. ಒಂದೇ ವರ್ಷ ತೆಗೆದು ಬಂದಿದ್ದರೆ ನನ್ನದು "ಮಲೆನಾಡಿನ ಸೊಬಗು" ಅನ್ನುವ ಕ್ಯಾಲೆಂಡರ್ ಆಗುತ್ತಿತ್ತು.

120 ಗಂಟೆಯನ್ನು 74 ನಿಮಿಷಕ್ಕೆ ಹೇಗೆ ಇಳಿಸ್ತೀರಿ?

ಅಳುತ್ತಾ. ಮೊದಲು ಎಲ್ಲವನ್ನೂ ಒಮ್ಮೆ ನೋಡಬೇಕು, ಮಧ್ಯೆ ಓಡಿಸಬಾರದು. ನೋಟ್‌ಬುಕ್ಕಿನಲ್ಲಿ ಬರೆಯುತ್ತಾ ಹೋಗಬೇಕು. ನನಗೆ ಎರಡು ತಿಂಗಳು ಹಿಡಿಯಿತು. ಆಮೇಲೆ ನೋಟ್‌ಬುಕ್ ಮುಚ್ಚಿಟ್ಟು, ನೆನಪಿನಲ್ಲಿ ಉಳಿದದ್ದರಿಂದ ಶುರು ಮಾಡಿದೆ. ನೋಡಲು ಚೆಂದ ಇರುವ ಶಾಟ್‌ಗಳೇ ಮೊದಲು ಬಿದ್ದವು. ಮಂಜು ಮುಸುಕಿದ ತೋಟದ್ದು ಹದಿನೇಳು ಇದ್ದವು, ಒಂದೂ ಉಳಿಯಲಿಲ್ಲ.

ಸಬ್‌ಟೈಟಲ್ ಹೇಗೆ? ನಮ್ಮ ಕಡೆಯವರಿಗೇ ಕೆಲವು ಮಾತು ಅರ್ಥ ಆಗಲ್ಲ.

ಕನ್ನಡಕ್ಕೆ ಕನ್ನಡದ ಸಬ್‌ಟೈಟಲ್ ಹಾಕುವುದು ನನಗೆ ಇಷ್ಟವಿಲ್ಲ. ಮೊದಲ ಹತ್ತು ನಿಮಿಷ ತೊಡಕಾಗುತ್ತದೆ, ಆಮೇಲೆ ಕಿವಿ ಕೂರುತ್ತದೆ. ಇಂಗ್ಲಿಷಿನದ್ದು ಬೇರೆಯೇ ಸಂಕಟ. ಗೋಟು, ಚಾಲಿ, ಬೆಟ್ಟೆ, ರಾಶಿ ಅಂತ ಅಡಿಕೆಯ ಬಗೆಗಳೆಲ್ಲಕ್ಕೂ ಅಲ್ಲಿ ಒಂದೇ ಪದ. ನಾನು ಕೆಲವನ್ನು ಹಾಗೇ ಬಿಟ್ಟೆ. ಅಡಿಕೆಯವರು ನಕ್ಕಾಗ ಅಮ್‌ಸ್ಟರ್ಡ್ಯಾಮಿನವರು ನಗದಿದ್ದರೆ ಪರವಾಗಿಲ್ಲ.

ಸೆನ್ಸಾರ್ ಸರ್ಟಿಫಿಕೇಟ್ ಬೇಕಾ?

ಸಾರ್ವಜನಿಕವಾಗಿ ತೋರಿಸುವುದಾದರೆ 1952ರ ಸಿನಿಮಾಟೊಗ್ರಾಫ್ ಕಾಯ್ದೆ ಪ್ರಕಾರ ಬೇಕು. ಸೆನ್ಸಾರ್ ಮಂಡಳಿಯ ಪ್ರಾದೇಶಿಕ ಕಚೇರಿ ಬೆಂಗಳೂರಿನಲ್ಲೇ ಇದೆ. ಚಿತ್ರೋತ್ಸವಗಳಾದರೆ ಅವರೇ ಕೇಂದ್ರದ ವಾರ್ತಾ ಮತ್ತು ಪ್ರಸಾರ ಇಲಾಖೆಯಿಂದ ವಿನಾಯಿತಿ ಕೇಳುತ್ತಾರೆ. ಯೂಟ್ಯೂಬಿಗೆ ಈ ಸರ್ಟಿಫಿಕೇಟ್ ಬೇಡ. ಅಭಯಾರಣ್ಯದೊಳಗೆ ಚಿತ್ರೀಕರಣ ಇದ್ದರೆ ಅರಣ್ಯ ಇಲಾಖೆಯ ಅನುಮತಿ ಮೊದಲೇ ತಗೊಳ್ಳಿ.

ಹೊಟ್ಟೆಪಾಡು?

ಮದುವೆ ವಿಡಿಯೋ. ತಮಾಷೆ ಅಲ್ಲ, ಎಂಟು ಗಂಟೆ ನಿಂತು ನೋಡುವುದನ್ನು ನನಗೆ ಕಲಿಸಿದ್ದು ಮದುವೆ ಮನೆಗಳೇ. ಸಹಾಯಧನ ಬೇಕಿದ್ದರೆ ಬೆಂಗಳೂರಿನ ಇಂಡಿಯಾ ಫೌಂಡೇಶನ್ ಫಾರ್ ದಿ ಆರ್ಟ್ಸ್ ಇದೆ, ಅಲ್ಲಿಗೆ ಕನ್ನಡದಲ್ಲೇ ಅರ್ಜಿ ಬರೆಯಬಹುದು. ದುಡ್ಡು ಬರುವವರೆಗೆ ಕಾಯಬೇಡಿ, ಅಡಿಕೆ ಕಾಯುವುದಿಲ್ಲ.

ಮೊದಲು ಎಲ್ಲಿ ತೋರಿಸಬೇಕು?

ತೆಗೆದ ಮನೆಯ ಅಂಗಳದಲ್ಲಿ. ಮುಂಬೈಯಲ್ಲಿ ಎರಡು ವರ್ಷಕ್ಕೊಮ್ಮೆ ನಡೆಯುವ ಡಾಕ್ಯುಮೆಂಟರಿ ಚಿತ್ರೋತ್ಸವ, ತಿರುವನಂತಪುರದಲ್ಲಿ 2008ರಿಂದ ನಡೆಯುತ್ತಿರುವುದು, ಬೆಂಗಳೂರಿನ ಸುಚಿತ್ರಾ ಫಿಲ್ಮ್ ಸೊಸೈಟಿ, ಎಲ್ಲ ಆಮೇಲೆ.

ನಾವು ಅಂಗಳದಲ್ಲಿ ಪಂಚೆ ಕಟ್ಟಿ ತೋರಿಸಿದೆವು. ನಾಯಿ ಬಂದಾಗಲೆಲ್ಲ ಕೂಗು. ತೀರಿಹೋಗಿದ್ದ ಒಬ್ಬ ಅಜ್ಜಿ ಪರದೆ ಮೇಲೆ ಎಲೆ ಅಡಿಕೆ ಹಾಕಿಕೊಂಡಾಗ ಎಲ್ಲರೂ ಸುಮ್ಮನಾದರು. ಮುಗಿದ ಮೇಲೆ ಮನೆಯ ಅಮ್ಮ ಕೇಳಿದ್ದು ಒಂದೇ: "ನಮ್ಮ ಜಗಲಿ ಅಷ್ಟು ಗಲೀಜಾ? ಮೊದ್ಲೇ ಹೇಳಿದ್ರೆ ಗುಡಿಸ್ತಿದ್ನಲ್ಲ ತಮ್ಮಾ." ಖಾಲಿ ಜಗಲಿಯ ಶಾಟಿಗೆ ಯಜಮಾನರು ಎದ್ದು ಬೀಡಿ ಸೇದಲು ಹೋದರು. ಅದರ ಬಗ್ಗೆ ಅವರು ಏನೂ ಹೇಳಲಿಲ್ಲ, ನಾನೂ ಕೇಳಲಿಲ್ಲ.

ನನ್ನ ಹತ್ತಿರ ಇರೋದು ಮೊಬೈಲ್ ಒಂದೇ. ಎಲ್ಲಿಂದ ಶುರು ಮಾಡಲಿ?

ನಿಮ್ಮೂರ ಹಾಲಿನ ಡೇರಿಯಿಂದ. ಬೆಳಗ್ಗೆ ಬಾಗಿಲು ತೆಗೆಯುವ ಮೊದಲೇ ಹೋಗಿ. ಮೂರು ದಿನ ಫೋನ್ ಜೇಬಿನಲ್ಲೇ ಇರಲಿ, ಆಗುವುದಾದರೆ ಹಾಲು ನೀವೇ ತಗೊಂಡು ಹೋಗಿ ಹಾಕಿ. ಯಾರು ಮೊದಲು ಬರುತ್ತಾರೆ, ಯಾರು ಫ್ಯಾಟ್ ಕಮ್ಮಿ ಬಂತು ಅಂತ ಜಗಳ ತೆಗೆಯುತ್ತಾರೆ, ಯಾರು ಚೀಟಿ ನೋಡದೆ ಮಡಚಿ ಇಟ್ಟುಕೊಳ್ಳುತ್ತಾರೆ ಅಂತ ನೋಡಿ. ನಾಲ್ಕನೇ ದಿನ ಕೇಳಿ, ಒಪ್ಪಿದರೆ ಕಿಟಕಿ ಪಕ್ಕ ಒಂದೇ ಜಾಗದಲ್ಲಿ ನಿಲ್ಲಿ. ಝೂಮ್ ಮುಟ್ಟಬೇಡಿ. ಕ್ಯಾನಿನ ಗಾಡಿ ಹೋದ ತಕ್ಷಣ ಆಫ್ ಮಾಡಬೇಡಿ, ಇನ್ನೈದು ನಿಮಿಷ ಇರಿ. ಸೆಕ್ರೆಟರಿ ನೆಲಕ್ಕೆ ನೀರು ಹೊಯ್ದು ಗುಡಿಸುತ್ತಾರೆ. ಬೆಕ್ಕು ಬರುವುದು ಆಗಲೇ.